ಮೂರು ಡಜನ್ ಕರವಸ್ತ್ರ

ಭಾಲ್ಕಿ ಕಡೆಯ ನಮ್ಮ ಹಳ್ಳಿಯಲ್ಲಿ ನನ್ನ ಉದ್ಯೋಗವೇನೆಂದು ಯಾರಾದರೂ ಕೇಳಿದರೆ ಅವ್ವ ಒಂದೇ ಮಾತಿನಲ್ಲಿ ಮುಗಿಸುತ್ತಾಳೆ: "ಸಿನಿಮಾದವರಿಗೆ ಊಟ ಹಾಕಿಸುತ್ತಾನೆ." ಮೊದಮೊದಲು ಸಿಟ್ಟು ಬರುತ್ತಿತ್ತು. ಪ್ರೊಡಕ್ಷನ್ ಮ್ಯಾನೇಜರ್ ಎಂದರೆ ಅನುಮತಿ ಪತ್ರ, ಲಾಡ್ಜಿನ ರೂಮು, ಜನರೇಟರ್ ವ್ಯಾನು, ಜೂನಿಯರ್ ಕಲಾವಿದರು, ದಿನಭತ್ಯೆಯ ಬಾಟಾ, ವೋಚರು, ಪೊಲೀಸ್ ಠಾಣೆ, ಮಳೆ ಬಂದರೆ ತಾಡಪತ್ರಿ, ಇಷ್ಟೆಲ್ಲ ಎಂದು ಒಮ್ಮೆ ಕೂರಿಸಿಕೊಂಡು ತಿಳಿಸಿ ಹೇಳಿದೆ. ಪೂರ್ತಿ ಕೇಳಿದಳು. "ಅದೇ ಆಯಿತಲ್ಲ, ಊಟ ಹಾಕಿಸುವುದು" ಎಂದಳು.

1998ರಲ್ಲಿ ಗಾಂಧಿನಗರಕ್ಕೆ ಹೋದಾಗ ನನ್ನ ಕೈಗೆ ಮೊದಲು ಬಂದದ್ದು ಚಹಾದ ಫ್ಲಾಸ್ಕು. ಪ್ರೊಡಕ್ಷನ್ ಹುಡುಗನಾಗಿ ಆರು ವರ್ಷ ಅದನ್ನೇ ಹಿಡಿದು ತಿರುಗಿದೆ. ಆಮೇಲೆ ಸಹಾಯಕ, ಆಮೇಲೆ ಮ್ಯಾನೇಜರ್. ತೆರೆಯ ಮೇಲೆ ಹೆಸರು ಬರುತ್ತದೆ, 'ನಿರ್ಮಾಣ ನಿರ್ವಹಣೆ' ಎಂದು. ಓದಿದವರು ಯಾರೂ ಈವರೆಗೆ ಸಿಕ್ಕಿಲ್ಲ. ಅದರ ಬಗ್ಗೆ ದುಃಖವೂ ಇಲ್ಲ. ನಮ್ಮ ಹೆಸರು ಸೆಟ್ಟಿನಲ್ಲಿ ಜೋರಾಗಿ ಕೇಳಿಬಂತೆಂದರೆ ಎಲ್ಲೋ ಏನೋ ಕೆಟ್ಟಿದೆ ಎಂದೇ ಅರ್ಥ.

ಕೆಲವು ವರ್ಷಗಳ ಹಿಂದೆ ಒಂದು ಫೆಬ್ರವರಿಯಲ್ಲಿ ನಮ್ಮ ಜಿಲ್ಲೆಯಲ್ಲೇ ಕೆಲಸ ಬಂತು. ಬೀದರ್ ಕೋಟೆಯಲ್ಲಿ ಆರು ದಿನದ ಚಿತ್ರೀಕರಣ, ಕಥೆಯಲ್ಲಿ ಬರುವ ಒಂದು ಹಳೆಯ ಕಾಲದ ಭಾಗಕ್ಕೆ. ಬಹಮನಿ ಸುಲ್ತಾನ ಅಹ್ಮದ್ ಷಾ 15ನೇ ಶತಮಾನದಲ್ಲಿ ರಾಜಧಾನಿಯನ್ನು ಕಲಬುರಗಿಯಿಂದ ಇಲ್ಲಿಗೆ ತಂದು ಕಟ್ಟಿಸಿದ ಕೋಟೆ; ಜಂಬಿಟ್ಟಿಗೆ ಬಂಡೆಯನ್ನೇ ಕಡಿದು ಮಾಡಿದ ಮೂರು ಸಾಲಿನ ಕಂದಕ ನೋಡಿ ನಿರ್ದೇಶಕರು ಒಂದು ಗಂಟೆ ಮಾತಾಡಲಿಲ್ಲ. ನನಗೆ ಕಂದಕ ಕಾಣಿಸಲಿಲ್ಲ, ಕ್ರೇನ್ ಯಾವ ಬಾಗಿಲಲ್ಲಿ ಹಿಡಿಯುತ್ತದೆ ಎಂಬುದಷ್ಟೇ ಕಾಣಿಸಿತು. ಲೈಟು, ಜನರೇಟರುಗಳನ್ನು ಹೈದರಾಬಾದಿನಿಂದ ತರಿಸಿದೆ. ಬೆಂಗಳೂರಿನಿಂದ ತರಿಸುವುದಕ್ಕಿಂತ ಅದೇ ಹತ್ತಿರ, ಅದೇ ಅಗ್ಗ. ಮುಂಜಾನೆ ಐದಕ್ಕೆ ಬೆಂಗಳೂರಿನ ಹುಡುಗರು ಲಾಡ್ಜಿನಿಂದ ಹೊರಬಂದು ಹಲ್ಲು ಕಟಕಟಿಸುತ್ತ ನಿಂತರು. ಬೀದರ್ ಎಂದರೆ ಬೆಂಕಿಯಂಥ ಬಿಸಿಲು ಎಂದುಕೊಂಡು ಒಬ್ಬನೂ ಸ್ವೆಟರ್ ತಂದಿರಲಿಲ್ಲ. ಪ್ರಸ್ಥಭೂಮಿಯ ಮೇಲಿನ ಊರು ಇದು, ಚಳಿಗಾಲದ ಬೆಳಗು ಇಲ್ಲಿ ಚಳಿಯದೇ ಎಂದು ನಾನು ಮೊದಲೇ ಹೇಳಿದ್ದೆ. ಯಾರೂ ನಂಬಿರಲಿಲ್ಲ.

ಕೋಟೆ ಪುರಾತತ್ವ ಇಲಾಖೆಯ ರಕ್ಷಿತ ಸ್ಮಾರಕ. ಯಾವ ದೃಶ್ಯ, ಎಷ್ಟು ಜನ, ಏನೇನು ಸಾಮಾನು ಎಂದು ಬರೆದುಕೊಟ್ಟು ಪರವಾನಗಿ ತರಬೇಕು. ಮೊಳೆ ಹೊಡೆಯುವಂತಿಲ್ಲ, ಒಲೆ ಹಚ್ಚುವಂತಿಲ್ಲ, ಸಿಕ್ಕ ಸಿಕ್ಕಲ್ಲಿ ಕುಳಿತು ಉಣ್ಣುವಂತಿಲ್ಲ. ಇದೆಲ್ಲ ಸರಿಯಾದ ನಿಯಮವೇ. ಹಾಗಾಗಿ ಊಟ ಹೊರಗಿನಿಂದ ಬರಬೇಕಿತ್ತು. ಊರಿನ ಅಡುಗೆಯವನೊಬ್ಬನಿಗೆ ದಿನಕ್ಕೆ 94 ಮಂದಿಯ ಲೆಕ್ಕದಲ್ಲಿ ಒಪ್ಪಿಸಿದೆ. ಒಳ್ಳೆಯ ಕೈ. ಅವನ ಎಣ್ಣೆಗಾಯಿ ತಿಂದ ಕ್ಯಾಮೆರಾಮನ್ ಎರಡು ದಿನ ಯಾರ ಮೇಲೂ ಕೂಗಾಡಲಿಲ್ಲ.

ಮೂರನೆಯ ದಿನ ಗುರುವಾರ. ಬೆಳಿಗ್ಗೆಯೇ ಆಕಾಶದಿಂದ ತೊಂದರೆ ಶುರುವಾಯಿತು. ಬೀದರಿನಲ್ಲಿ ವಾಯುಪಡೆಯ ತರಬೇತಿ ನೆಲೆಯಿದೆ, ವಿಮಾನಗಳ ಕಸರತ್ತು ತೋರಿಸುವ ಸೂರ್ಯಕಿರಣ ತಂಡ ಇರುವುದೂ ಇಲ್ಲೇ. ಈ ಕಾರಣಕ್ಕೇ ಮಾತಿನ ದೃಶ್ಯವನ್ನು ಭಾನುವಾರಕ್ಕೆ ಇಟ್ಟಿದ್ದೆ. ನಾಯಕನಟರ ಡೇಟು ಹೊಂದದೆ ಅದು ಗುರುವಾರಕ್ಕೆ ಬಂತು. ಸ್ಥಳದಲ್ಲೇ ಧ್ವನಿ ಮುದ್ರಿಸಬೇಕೆಂಬುದು ನಿರ್ದೇಶಕರ ಹಟ. ಗುಂಬಜ್ ದರವಾಜಾದ ಬಳಿ ಸೇನಾಧಿಪತಿ "ಈ ಮಣ್ಣಿನ ಮೇಲೆ ಆಣೆ" ಎನ್ನುವಷ್ಟರಲ್ಲಿ ತಲೆಯ ಮೇಲೆ ಜೆಟ್ಟು. ಸೌಂಡಿನ ಹುಡುಗ ಹೆಡ್‌ಫೋನ್ ಕಿತ್ತು ಎಸೆದ. ಹನ್ನೊಂದು ಟೇಕ್ ಆದವು. ನಿರ್ದೇಶಕರು ನನ್ನ ಕಡೆ ತಿರುಗಿ, "ಸ್ವಲ್ಪ ನಿಲ್ಲಿಸಲು ಹೇಳಿ" ಎಂದರು. ಭಾರತೀಯ ವಾಯುಪಡೆಗೆ!

ನಾನು ಆ ಬಗ್ಗೆ ತಲೆ ಕೆಡಿಸಿಕೊಳ್ಳುವ ಸ್ಥಿತಿಯಲ್ಲಿರಲಿಲ್ಲ. ಹನ್ನೆರಡೂವರೆಗೆ ಅಡುಗೆಯವನ ಫೋನು ಬಂದಿತ್ತು.

"ಅಣ್ಣಾ, ಎರಡು ದಿನದ ದುಡ್ಡು ಬಾಕಿ ಇದೆ."

"ಸಂಜೆಯೊಳಗೆ ಕೊಡುತ್ತೇನೆ ತಮ್ಮಾ."

"ನಿನ್ನೆಯೂ ಸಂಜೆ ಅಂದಿರಿ. ಕಿರಾಣಿಯವರು ನನಗೆ ಇನ್ನು ಉದ್ದರಿ ಕೊಡುವುದಿಲ್ಲ ಅಂದಿದ್ದಾರೆ. ದುಡ್ಡು ಬಂದರೆ ಗಾಡಿ ಬಿಡುತ್ತೇನೆ."

ಅವನದು ತಪ್ಪಿರಲಿಲ್ಲ. ನಿರ್ಮಾಪಕರು ಬೆಂಗಳೂರಿನಿಂದ ಸೋಮವಾರ ಹಾಕುತ್ತೇನೆಂದ ಹಣ ಗುರುವಾರವಾದರೂ ಬಂದಿರಲಿಲ್ಲ. ಅವರನ್ನೂ ಬೈಯಲಾರೆ. ಫೈನಾನ್ಸಿನವರು ಅವರಿಗೆ ಹೇಳುವ 'ಸಂಜೆ'ಯೇ ಅವರು ನನಗೆ ಹೇಳುವ 'ಸಂಜೆ'. ಅದನ್ನೇ ನಾನು ಅಡುಗೆಯವನಿಗೆ ಹೇಳಿದ್ದೆ. ನನ್ನ ಜೇಬಿನಲ್ಲಿದ್ದದ್ದು ಜನರೇಟರಿಗೆ ಡೀಸೆಲ್ ಹಾಕಿಸುವ ಹಣ. ಅದನ್ನು ಮುಟ್ಟಿದರೆ ಊಟ ಬರುತ್ತದೆ, ಆದರೆ ಕತ್ತಲಾಗುತ್ತದೆ.

ಒಂದು ಗಂಟೆಗೆ ಊಟದ ಬ್ರೇಕ್ ಕೂಗದಿದ್ದರೆ ಲೈಟಿನವರು ಜಗಳವಾಡುವುದಿಲ್ಲ, ಸುಮ್ಮನೆ ಕುಳಿತುಬಿಡುತ್ತಾರೆ. ಜಗಳವಾದರೂ ಮೇಲು. ಕೋಟೆಯ ಗೋಡೆಯ ನೆರಳಿನಲ್ಲಿ ನಿಂತು ಫೋನಿನಲ್ಲಿದ್ದ ಹೆಸರುಗಳನ್ನು ಒಂದೊಂದಾಗಿ ನೋಡಿದೆ. ಅವರಲ್ಲಿ ಯಾರ ಬಳಿ ಈಗಾಗಲೇ ಕೈ ಚಾಚಿಲ್ಲ ಎಂದು ಲೆಕ್ಕ ಹಾಕುತ್ತಿದ್ದಾಗ, ಅದು ಹೇಗೋ, ಅಪ್ಪ ನೆನಪಾದ. ನನಗೆ ಹತ್ತು ವರ್ಷವಿದ್ದಾಗ ಅವನ ಜೊತೆ ಬೀದರಿನ ಗಂಜ್ ಮಾರುಕಟ್ಟೆಗೆ ತೊಗರಿ ಹೇರಿಕೊಂಡು ಬಂದಿದ್ದೆ. ಅಡತ ಅಂಗಡಿಯವರು "ದುಡ್ಡು ನಾಳೆ" ಎಂದರು. ಊಟಕ್ಕೇನು ಮಾಡುವುದು ಎಂದು ನಾನು ಅತ್ತೆ. ಅಪ್ಪ ಏನೂ ಹೇಳದೆ ಕೈ ಹಿಡಿದು ಝಿರಾಕ್ಕೆ ಕರೆದೊಯ್ದ.

ಗುರುನಾನಕ್ ಝಿರಾ ಕೋಟೆಯಿಂದ ದೂರವೇನಲ್ಲ. ಸಿಹಿನೀರಿಲ್ಲದೆ ಒದ್ದಾಡುತ್ತಿದ್ದ ಜನಕ್ಕೆ ಗುರುನಾನಕರು ಗುಡ್ಡಕ್ಕೆ ಪಾದ ತಾಗಿಸಿ ನೀರು ಚಿಮ್ಮಿಸಿದರೆಂಬ ನಂಬಿಕೆಯ ಜಾಗದಲ್ಲಿರುವ ಗುರುದ್ವಾರ. ಸಿಖ್ಖರ ಪಂಚ ಪ್ಯಾರೆಗಳಲ್ಲಿ, ಅಂದರೆ ಗುರು ಗೋವಿಂದ ಸಿಂಗರಿಂದ ಮೊದಲು ದೀಕ್ಷೆ ಪಡೆದ ಐವರಲ್ಲಿ, ಒಬ್ಬರಾದ ಭಾಯಿ ಸಾಹಿಬ್ ಸಿಂಗ್ ಈ ಬೀದರಿನವರೇ. ಬೈಕಿನಲ್ಲಿ ಹೋಗಿ, ಲಂಗರಿನ, ಅಂದರೆ ಬಂದವರಿಗೆಲ್ಲ ಉಚಿತವಾಗಿ ಬಡಿಸುವ ಊಟದ ಮನೆಯ, ಬಾಗಿಲಲ್ಲಿ ನಿಂತಿದ್ದ ವಯಸ್ಸಾದ ಸೇವಾದಾರರ ಮುಂದೆ ಕೈ ಮುಗಿದೆ. ನನ್ನದು ದಖನಿ, ಅವರದು ಪಂಜಾಬಿ ಬೆರೆತ ಹಿಂದಿ. ಸಿನಿಮಾದವರು, ಊಟಕ್ಕೆ ತೊಂದರೆಯಾಗಿದೆ, 94 ಜನ ಇದ್ದೇವೆ ಎಂದೆ. ಯಾಕೆ, ಏನು, ಯಾವ ಸಿನಿಮಾ ಎಂದು ಅವರು ಕೇಳಲಿಲ್ಲ.

"ಒಂದು ಪಂಕ್ತಿಗೆ ಬರುತ್ತೀರೋ, ಎರಡಕ್ಕೋ?"

ಇಪ್ಪತ್ತು ವರ್ಷದಲ್ಲಿ ನಾನು ಕೇಳಿದ ಅತ್ಯಂತ ಕಸುಬುಗಾರಿಕೆಯ ಪ್ರಶ್ನೆ ಅದು.

ತಲೆಯ ಮೇಲೆ ಬಟ್ಟೆ ಇರಬೇಕಲ್ಲ ಎಂದು ದಾರಿಯಲ್ಲಿ ಹೊಳೆಯಿತು. ಸೈನಿಕರ ವೇಷದವರಿಗೆ ಮುಂಡಾಸು ಇತ್ತು. ಉಳಿದವರಿಗೆ? ಪ್ರೊಡಕ್ಷನ್ ಹುಡುಗನನ್ನು ಅಂಗಡಿಗೆ ಅಟ್ಟಿ ಮೂರು ಡಜನ್ ಕರವಸ್ತ್ರ ತರಿಸಿದೆ. ಗುರುದ್ವಾರದ ಬಾಗಿಲಲ್ಲಿ ನೋಡಿದರೆ ಬುಟ್ಟಿಯ ತುಂಬ ಕೇಸರಿ ಬಟ್ಟೆ ಇಟ್ಟಿದ್ದರು, ಯಾರು ಬೇಕಾದರೂ ಕಟ್ಟಿಕೊಳ್ಳಲೆಂದು. ಹತ್ತು ವರ್ಷದ ಹುಡುಗನಾಗಿ ಕಟ್ಟಿಕೊಂಡದ್ದೂ ಅದನ್ನೇ, ಮರೆತಿದ್ದೆ.

ಯುನಿಟ್ಟಿಗೆ ನಿಜ ಹೇಳಿರಲಿಲ್ಲ. "ಇವತ್ತು ವಿಶೇಷ ಊಟ" ಎಂದಷ್ಟೇ ಘೋಷಿಸಿದ್ದೆ. ಎರಡು ಬಸ್ಸುಗಳಿಂದ ಬಹಮನಿ ಸೈನ್ಯ ಇಳಿಯಿತು. ಚಪ್ಪಲಿ ಇಟ್ಟುಕೊಳ್ಳುವ ಕಟ್ಟೆಯ ಮೇಲೆ ಇಪ್ಪತ್ತೆಂಟು ಫೈಬರ್ ಕತ್ತಿಗಳನ್ನು ಸಾಲಾಗಿ ಇಟ್ಟರು. ಅಲ್ಲಿದ್ದ ಯುವಕ ಒಂದನ್ನು ಎತ್ತಿ, ಉಗುರಿನಿಂದ ಟಕ್ ಟಕ್ ಎಂದು ಬಡಿದು ನೋಡಿ, ಕತ್ತಿಗೂ ಚಪ್ಪಲಿಗೆ ಕೊಡುವ ಬಿಲ್ಲೆಯನ್ನೇ ಕೊಟ್ಟ. ಅವನು ನಗಲಿಲ್ಲ, ನಾವೂ ನಗಲಿಲ್ಲ.

ಒಳಗೆ ಚಾಪೆಯ ಸಾಲು. ರೊಟ್ಟಿಯನ್ನು ಅವರು ಪರ್ಶಾದಾ ಎನ್ನುತ್ತಾರೆ. ಎರಡೂ ಕೈ ಒಡ್ಡಿ ತೆಗೆದುಕೊಳ್ಳಬೇಕು. ಒಂದು ಕೈಯಲ್ಲಿ ಮೊಬೈಲ್ ಹಿಡಿದಿದ್ದ ಸಹನಿರ್ದೇಶಕನ ಮುಂದೆ ರೊಟ್ಟಿಯವನು ಸುಮ್ಮನೆ ಕಾಯ್ದ, ಮೊಬೈಲ್ ಜೇಬಿಗೆ ಹೋಗುವವರೆಗೆ. ನಮ್ಮ ಮೇಕಪ್‌ನವರಿಗೆ ಮಾತ್ರ ಊಟ ರುಚಿಸಲಿಲ್ಲ. ಅಂಟಿಸಿದ ಗಡ್ಡಗಳು ಬಿಸಿ ದಾಲಿನ ಹಬೆಗೆ ಬಿಟ್ಟುಕೊಳ್ಳತೊಡಗಿದ್ದವು. ಗೋಂದಿನ ಬಾಟಲಿ ಹಿಡಿದು ಸಾಲಿನ ಹಿಂದೆ ಬಗ್ಗಿ ಬಗ್ಗಿ ಓಡಾಡುತ್ತಿದ್ದರು. ದಾಲಿನ ಬಕೆಟ್ ಹಿಡಿದಿದ್ದ ಚಿಕ್ಕ ಸರ್ದಾರ ಹುಡುಗ ನಮ್ಮ ಸೈನಿಕನೊಬ್ಬನ ಗಲ್ಲದಿಂದ ನೇತಾಡುತ್ತಿದ್ದ ಗಡ್ಡವನ್ನೇ ನೋಡುತ್ತ ಬಡಿಸುವುದನ್ನು ಮರೆತು ನಿಂತುಬಿಟ್ಟ.

ನಾನು ಉಣ್ಣುವುದು ಬಿಟ್ಟು ಬಾಗಿಲಿನ ಕಡೆ ನೋಡುತ್ತಿದ್ದೆ. ಆ ಹಿರಿಯರು ಅಲ್ಲೇ ನಿಂತಿದ್ದರು. ಮಾತಿಲ್ಲ. ಹೆಬ್ಬೆರಳಿನಿಂದ ಬೆರಳ ಗೆಣ್ಣುಗಳನ್ನು ಎಣಿಸುತ್ತ ಸಾಲನ್ನು ನೋಡುವರು. ಒಮ್ಮೆ ಅಡುಗೆಮನೆಯ ಕಡೆ ಎರಡು ಬೆರಳು ತೋರಿಸುವರು. ಸ್ವಲ್ಪ ಹೊತ್ತಿಗೆ ರೊಟ್ಟಿಯ ಎರಡು ಬುಟ್ಟಿ ಹೊರಗೆ ಬರುವವು. ನೀರಿನವನು ಮೂರನೇ ಸಾಲನ್ನು ಬಿಟ್ಟು ಮುಂದೆ ಹೋದಾಗ ಅವರು ಕೆಮ್ಮಿದರು, ಅಷ್ಟೆ. ಅವನು ಹಿಂದಕ್ಕೆ ಬಂದ. ನಾನು ವಾಕಿಟಾಕಿಯಲ್ಲಿ ಅರಚಿ ಮಾಡಿಸುವ ಕೆಲಸ ಅದು. ಉಂಡವರಲ್ಲಿ ಯಾರೂ ಅವರನ್ನು ಗಮನಿಸಿರಲಿಕ್ಕಿಲ್ಲ.

ಊಟವಾದ ಮೇಲೆ ಲೈಟಿನ ಹುಡುಗರು ಹೋಗಿ ತಟ್ಟೆ ತೊಳೆಯುವ ಸಾಲಿನಲ್ಲಿ ನಿಂತರು. ಲೊಕೇಶನ್ನಿನಲ್ಲಿ ತಿಂದ ತಟ್ಟೆಯನ್ನು ಅಲ್ಲೇ ಬಿಟ್ಟು ಏಳುವ ಹುಡುಗರು ಇವರೇ! ನಲವತ್ತು ನಿಮಿಷ ತಡವಾಯಿತು. ನಿರ್ದೇಶಕರು ಗಡಿಯಾರ ನೋಡಿ ನನ್ನ ಮೇಲೆ ಹಾರಾಡಿದರು. ನಾಲ್ಕರ ಹೊತ್ತಿಗೆ ಜೆಟ್ಟುಗಳು ನಿಂತವು. ಸೇನಾಧಿಪತಿಯ ಆಣೆ ಒಂದೇ ಟೇಕಿನಲ್ಲಿ ಮುಗಿಯಿತು. ಅದರ ಶ್ರೇಯಸ್ಸು ಸೌಂಡಿನ ಹುಡುಗನಿಗೆ ಹೋಯಿತು.

ಸಂಜೆ ಆರಕ್ಕೆ ಹತ್ತು ನಿಮಿಷವಿರುವಾಗ ಹಣ ಬಂತು. ನಾನೇ ಅಡುಗೆಯವನ ಮನೆಗೆ ಹೋಗಿ ಎಣಿಸಿ ಕೊಟ್ಟೆ. ಅವನ ಬಿಲ್ಲಿನಲ್ಲಿ ಗುರುವಾರ ಮಧ್ಯಾಹ್ನದ ಊಟವೂ ಇತ್ತು.

"ಅಡುಗೆ ಆಗಿತ್ತಲ್ಲ ಅಣ್ಣಾ, ಕಳಿಸಲಿಲ್ಲ ಅಷ್ಟೆ" ಎಂದ. ಆ ಮಧ್ಯಾಹ್ನ ಅವನ ಓಣಿಯ ಮಕ್ಕಳೆಲ್ಲ ಸಿನಿಮಾ ಊಟ ಉಂಡಿದ್ದವು. ಅರ್ಧಕ್ಕೆ ಒಪ್ಪಿಸಿದೆ. ಉಳಿದ ಮೂರು ದಿನ ಮುಂಗಡ ಇಲ್ಲದೆ ಅವನು ಒಲೆ ಹಚ್ಚಲಿಲ್ಲ. ನಾನೂ ಬೇಸರಪಟ್ಟುಕೊಳ್ಳಲಿಲ್ಲ.

ಕುಂಬಳಕಾಯಿ ಒಡೆದು ಬೆಂಗಳೂರಿಗೆ ಮರಳಿದ ಮೇಲೆ ಲೆಕ್ಕ ಒಪ್ಪಿಸಲು ಕುಳಿತೆ. ಅಕೌಂಟೆಂಟ್ ಒಂದೊಂದೇ ವೋಚರ್ ತಿರುವಿ ಹಾಕುತ್ತ ಗುರುವಾರದ ಹತ್ತಿರ ನಿಂತರು. ಅರ್ಧ ಊಟದ ಬಿಲ್ಲನ್ನು ಅವರು ಪ್ರಶ್ನಿಸಲಿಲ್ಲ. ಗುರುದ್ವಾರದ ಗೋಲಕಕ್ಕೆ ಕಾಣಿಕೆಯೆಂದು ಹಾಕಿದ್ದು ನನ್ನ ಸ್ವಂತದ್ದು, ಅದು ಅಲ್ಲಿರಲಿಲ್ಲ. ಕನ್ನಡಕ ಮೇಲಕ್ಕೆ ಸರಿಸಿ ಒಂದು ಚೀಟಿಯನ್ನು ಬೆಳಕಿಗೆ ಹಿಡಿದರು.

"ಕರವಸ್ತ್ರ, ಮೂರು ಡಜನ್. ಇದು ಯಾಕೆ?"

"ಬೀದರ್ ಅಲ್ಲವೇ ಸರ್, ಬಿಸಿಲು ಬಹಳ. ಬೆವರು ಒರೆಸಿಕೊಳ್ಳಲು" ಎಂದೆ.

ಅವರು ತಲೆಯಾಡಿಸಿ ಸಹಿ ಹಾಕಿದರು.