ಅಷ್ಟು ಹಳೇ ಇಟಾಲಿಯನ್ ಸಿನಿಮಾ ಈಗ ಯಾಕೆ?

"ಎಪ್ಪತ್ತು ವರ್ಷದ ಹಿಂದಿನ ಕಪ್ಪು-ಬಿಳುಪು ಸಿನಿಮಾ. ಅದೂ ಬರೀ ಗೋಳು. ಈಗ ಯಾಕೆ ನೋಡ್ಬೇಕು?" ನಾನು ಇಟಲಿಯ ನಿಯೋರಿಯಲಿಸಂ, ಅಂದರೆ ಎರಡನೇ ಮಹಾಯುದ್ಧದ ಹೊತ್ತಿಗೆ ಅಲ್ಲಿ ಹುಟ್ಟಿದ ವಾಸ್ತವದ ಸಿನಿಮಾಗಳ ಬಗ್ಗೆ ಬಾಯಿಬಿಟ್ಟಾಗೆಲ್ಲ ಯಾರಾದರೊಬ್ಬರು ಹೀಗೆ ಕೇಳುತ್ತಾರೆ. ಬೀದಿಯಲ್ಲಿ ಶೂಟಿಂಗ್, ನಟರಲ್ಲದವರ ನಟನೆ, ಬಡವರ ಕಥೆ ಅಂತ ಪಾಠ ಒಪ್ಪಿಸಿದರೆ ಯಾರೂ ನೋಡುವುದಿಲ್ಲ. ಹಾಗಾಗಿ ನಾನು ಒಂದು ಅಡುಗೆಮನೆಯ ಕಥೆ ಹೇಳುತ್ತೇನೆ.

ಆ ಬಗೆಯ ನಿರ್ದೇಶಕರಲ್ಲೊಬ್ಬರಾದ ಡಿ ಸಿಕಾ ಅವರ ಸಿನಿಮಾ 'ಉಂಬರ್ತೋ ಡಿ', 1952ರದು. ಮನೆಗೆಲಸದ ಹುಡುಗಿ ಮರಿಯಾ ಬೆಳಿಗ್ಗೆ ನಿದ್ದೆಗಣ್ಣಲ್ಲೇ ಅಡುಗೆಮನೆಗೆ ಬರುತ್ತಾಳೆ. ಗೋಡೆಗೆ ಬೆಂಕಿಕಡ್ಡಿ ಗೀರುತ್ತಾಳೆ. ಹತ್ತುವುದಿಲ್ಲ, ಮತ್ತೆ ಗೀರುತ್ತಾಳೆ. ಗೋಡೆಯ ಮೇಲಿನ ಇರುವೆಗಳಿಗೆ ನೀರು ಬಿಡುತ್ತಾಳೆ. ತನ್ನ ಹೊಟ್ಟೆ ನೋಡಿಕೊಳ್ಳುತ್ತಾಳೆ. ಮದುವೆಯಾಗದ ಬಸುರಿ ಅವಳು. ಕೂತು ಕಾಫಿಬೀಜ ಪುಡಿ ಮಾಡುತ್ತ, ಎದ್ದೇಳಲು ಬೇಜಾರಾಗಿ ಕಾಲು ಚಾಚಿ ಬಾಗಿಲು ಮುಚ್ಚುತ್ತಾಳೆ. ಕಣ್ಣಲ್ಲಿ ನೀರು. ಒಂದೂ ಮಾತಿಲ್ಲ. ಬೇರೆಯವರಾಗಿದ್ದರೆ ಕಾಫಿ ಲೋಟ ತೋರಿಸಿ ಮುಂದಕ್ಕೆ ಹೋಗುತ್ತಿದ್ದರು, ಅಲ್ವಾ? ಕೆಲಸದವಳ ಬೆಳಗಿಗೂ ಇಷ್ಟು ಹೊತ್ತು ಕೊಡಬಹುದು ಅನ್ನುವುದೇ ಇವರಿಂದ ಉಳಿದದ್ದು ಅಂತ ನನ್ನ ಲೆಕ್ಕ.

ಈ ನಿರ್ದೇಶಕರು ಶೂಟಿಂಗಿಗೆ ಬೀದಿಗಿಳಿದದ್ದಕ್ಕೆ ಪಾಪ ಬೇರೆ ಕಾರಣವೂ ಇತ್ತು. ಯುದ್ಧ ಮುಗಿದಾಗ ರೋಮ್‌ನ ದೊಡ್ಡ ಸ್ಟುಡಿಯೋ ಚಿನೆಚಿತ್ತಾದಲ್ಲಿ ನಿರಾಶ್ರಿತರು ತುಂಬಿದ್ದರು.

ಸತ್ಯಜಿತ್ ರೇ ಜಾಹೀರಾತು ಕಂಪನಿಯ ಕೆಲಸದ ಮೇಲೆ 1950ರಲ್ಲಿ ಲಂಡನ್‌ಗೆ ಹೋದಾಗ ಡಿ ಸಿಕಾ ಅವರದೇ 'ಬೈಸಿಕಲ್ ಥೀವ್ಸ್' ನೋಡಿದರು. 1955ಕ್ಕೆ ಅವರ ಮೊದಲ ಸಿನಿಮಾ 'ಪಥೇರ್ ಪಾಂಚಾಲಿ' ಬಂತು. ಈ ಗೋಳಿನ ದೂರೂ ಹೊಸದಲ್ಲ ಬಿಡಿ. 'ಉಂಬರ್ತೋ ಡಿ' ಬಂದಾಗ ಇಟಲಿಯ ಸರ್ಕಾರದಲ್ಲಿದ್ದ ಆಂಡ್ರಿಯೊಟ್ಟಿ, ದೇಶಕ್ಕೆ ಕೆಟ್ಟ ಹೆಸರು ತರುತ್ತೀರಿ ಅಂತ ಡಿ ಸಿಕಾಗೆ ಬಹಿರಂಗವಾಗಿಯೇ ಬರೆದರು. ರೇ ಬಡತನ ಮಾರುತ್ತಾರೆ ಅಂತ 1980ರಲ್ಲಿ ನಟಿ ನರ್ಗಿಸ್ ಬೈದರು.

ನಮ್ಮಲ್ಲಿ 2016ರಲ್ಲಿ ತೆರೆಗೆ ಬಂದ 'ತಿಥಿ'ಯನ್ನೇ ತಗೊಳ್ಳಿ. ಮಂಡ್ಯದ ನೊದೆಕೊಪ್ಪಲಿನಲ್ಲಿ ತೆಗೆದದ್ದು, ನಟಿಸಿದವರು ಹಳ್ಳಿ ಜನ. ಅದಕ್ಕಿಂತ ಜಾಸ್ತಿ ನನಗೆ ಹಿಡಿಸಿದ್ದು ಅದರಲ್ಲಿನ ಮುದುಕ ಗಡ್ಡಪ್ಪ ಸುಮ್ನೆ ಅಲೆಯುವುದನ್ನು ಕ್ಯಾಮೆರಾ ಅವಸರವಿಲ್ಲದೆ ನೋಡುವ ರೀತಿ. ಮತ್ತೆ, ಅದನ್ನು ನೋಡಿ ಗೋಳು ಅಂದವರನ್ನು ನಾನು ಕಂಡಿಲ್ಲ.

'ಬೈಸಿಕಲ್ ಥೀವ್ಸ್' ಕೂಡ ಬರೀ ಗೋಳಲ್ಲ. ಸೈಕಲ್ ಕಳೆದುಕೊಂಡ ಅಪ್ಪ, ಮಗ ಬ್ರೂನೋನನ್ನು ಹೋಟೆಲಿಗೆ ಕರೆದುಕೊಂಡು ಹೋಗುತ್ತಾನೆ. ಪಕ್ಕದ ಟೇಬಲ್ಲಿನಲ್ಲಿ ಒಬ್ಬ ಶ್ರೀಮಂತರ ಹುಡುಗ. ಬ್ರೂನೋ ಚೀಸ್ ತುಂಬಿದ ಬ್ರೆಡ್ ಕಚ್ಚಿ ಎಳೆಯುತ್ತಾನೆ. ಚೀಸ್ ನೂಲಿನಂತೆ ಉದ್ದಕ್ಕೆ ಬರುತ್ತದೆ. ಆಗಲೂ ಅವನ ಕಣ್ಣೆಲ್ಲ ಆ ಹುಡುಗನ ಮೇಲೇ.