ಎರ್ಕಿ ಕಾರು ಅನ್ನೋ ನಿರ್ದೇಶಕ ಎರಡು ಸಲ ಕಂಪನಿ ಕಟ್ಟಿದ

ಭಾನುವಾರ, 12 ಜನವರಿ 2025

ಇವತ್ತು 'ನುಮ್ಮಿಸೂತಾರಿತ್' ನೋಡಿದೆ. 1923ರ ಫಿನ್ಲೆಂಡಿನ ಮೂಕಿ ಚಿತ್ರ, ಎರ್ಕಿ ಕಾರು ನಿರ್ದೇಶನ. ಅಲೆಕ್ಸಿಸ್ ಕಿವಿ ಬರೆದ ನಾಟಕದ ಕತೆ. ಬೂಟು ಹೊಲಿಯುವವನ ಮಗ ಎಸ್ಕೋ ಮದುವೆಯಾಗೋಕೆ ಅಂತ ಊರಿಂದೂರಿಗೆ ಹೋಗುತ್ತಾನೆ. ಹುಡುಗಿ ಮನೆ ಮುಟ್ಟಿದರೆ ಅಲ್ಲಿ ಅವಳ ಮದುವೆ ನಡೀತಿದೆ, ಬೇರೆಯವನ ಜೊತೆ! ಸಿಟ್ಟಿಗೆ ಮದುವೆ ಮನೆಯನ್ನೇ ರಣರಂಗ ಮಾಡಿಬಿಡುತ್ತಾನೆ. ವಾಪಸ್ ಬರುವ ದಾರಿಯಲ್ಲಿ ಜೀವನದಲ್ಲಿ ಮೊದಲ ಸಲ ಕುಡಿಯುತ್ತಾನೆ. ಎಸ್ಕೋ ಆಗಿರುವ ಆಕ್ಸೆಲ್ ಸ್ಲಾಂಗುಸ್ ಮುಖ ನೋಡ್ತಾ ಇದ್ದರೆ ಮಾತು ಬೇಕು ಅಂತಲೇ ಅನಿಸಲ್ಲ. ನಗು ಬರುತ್ತೆ, ಪಾಪ ಅಂತಲೂ ಅನಿಸುತ್ತೆ.

ನಿರ್ದೇಶಕ ಕಾರು ಹುಟ್ಟಿದ್ದು 1887ರಲ್ಲಿ. ನಿಜವಾದ ಹೆಸರು ಎರ್ಲಾಂಡ್ ಫ್ರೆಡ್ರಿಕ್ ಕುಮ್ಲಾಂಡರ್. ಮೊದಲು ನಾಟಕದ ನಟ. ಫಿನ್ಲೆಂಡಿಗೆ ಸ್ವಾತಂತ್ರ್ಯ ಬಂದಿದ್ದು 1917ರಲ್ಲಿ, ಮರುವರ್ಷವೇ ಅಂತರ್ಯುದ್ಧ. ಆ ಗಾಯ ಇನ್ನೂ ಹಸಿ ಇರುವಾಗಲೇ, 1919ರಲ್ಲಿ, ಜೊತೆಗಾರರನ್ನು ಕೂಡಿಸಿಕೊಂಡು ಒಂದು ಚಿತ್ರ ಕಂಪನಿ ತೆರೆದ. ಅದೇ ಮುಂದೆ ಸುವೊಮಿ-ಫಿಲ್ಮಿ ಆಯ್ತು.

ಅವನ ಇನ್ನೊಂದು ಚಿತ್ರ 'ಕೊಸ್ಕೆನ್‌ಲಸ್ಕಿಯಾನ್ ಮೊರ್ಸಿಯಾನ್', ಅದೂ 1923ರದ್ದೇ. ಅದರಲ್ಲಿ ದೋಣಿಗಳು ನೊರೆ ಉಕ್ಕುವ ಹೊಳೆಯಲ್ಲಿ ಇಳಿಯುತ್ತವೆ. ಚಿತ್ರೀಕರಣ ನಡೆದಿದ್ದು ಕ್ಯುಮಿ ನದಿಯ ಮಂಕಲಾದಲ್ಲಿ. ಸೆಟ್ಟಲ್ಲ, ನಿಜವಾದ ನೀರು, ನಿಜವಾದ ಬಂಡೆ. ಮುಂದೆ ಅಲ್ಲಿ ವಿದ್ಯುತ್ ಸ್ಥಾವರ ಬಂತು. ಹಾಗಾಗಿ ಆ ನದಿ ಹಿಂದೆ ಹೇಗೆ ಭೋರ್ಗರೆಯುತ್ತಿತ್ತು ಅಂತ ನೋಡೋಕೂ ಈ ಚಿತ್ರ ಬೇಕು. ಜನ ತಮ್ಮ ನದಿ, ತಮ್ಮ ಕಾಡು, ತಮ್ಮ ಹಳ್ಳಿ ಮದುವೆಯನ್ನು ಪರದೆ ಮೇಲೆ ನೋಡಬೇಕು ಅನ್ನೋದು ಅವನ ಹಟ ಆಗಿತ್ತು ಅಂತ ನನಗನಿಸುತ್ತೆ.

ಆಮೇಲೆ ಟಾಕಿ ಬಂತು, ಜೊತೆಗೇ ಆರ್ಥಿಕ ಕುಸಿತ. 1933ರಲ್ಲಿ ತಾನೇ ಕಟ್ಟಿದ ಕಂಪನಿಯಿಂದ ಕಾರು ಹೊರಗೆ ಬರಬೇಕಾಯ್ತು. ಇದನ್ನು ಓದಿದಾಗ ಹೊಟ್ಟೆಯಲ್ಲಿ ಸಂಕಟ ಆಯ್ತು. ಹದಿನಾಲ್ಕು ವರ್ಷದ ದುಡಿಮೆ, ಅಲ್ವಾ? ಆದರೆ ಅವನು ಸುಮ್ನೆ ಕೂರಲಿಲ್ಲ. ಅದೇ ವರ್ಷ ಸುವೊಮೆನ್ ಫಿಲ್ಮಿತೆಯೊಲ್ಲಿಸೂಸ್ ಅನ್ನೋ ಹೊಸ ಕಂಪನಿ ಶುರು ಮಾಡಿದ, ಹಳೆಯದಕ್ಕೆ ನೇರ ಪೈಪೋಟಿ. 1935ರ ಡಿಸೆಂಬರಿನಲ್ಲಿ ತೀರಿಕೊಂಡ. ಬರೀ 48 ವರ್ಷ.

ಹೊಸ ಕಂಪನಿ ನಿರ್ಮಾಪಕ ಟಿ.ಜೆ. ಸಾರ್ಕ್ಕಾ ಕೈಗೆ ಹೋಯ್ತು. 1960ರ ದಶಕದವರೆಗೆ 200ಕ್ಕೂ ಜಾಸ್ತಿ ಚಿತ್ರ ಮಾಡಿತು. ದೇಶದ ಎರಡು ದೊಡ್ಡ ಕಂಪನಿಗಳಿಗೂ ಒಬ್ಬನೇ ಅಡಿಪಾಯ ಹಾಕಿದ್ದು. ಹಾಗಾಗಿ ಅವನನ್ನು ಹೆಚ್ಚಾಗಿ ಕಂಪನಿ ಕಟ್ಟಿದವನು ಅಂತಲೇ ನೆನೆಯುತ್ತಾರೆ. ನನಗೆ ಅದು ಸಾಲದು. ಎಸ್ಕೋನ ಮುಖದಿಂದ ಅಷ್ಟೆಲ್ಲ ಹೇಳಿಸಿದವನು ಮೊದಲು ನಿರ್ದೇಶಕ, ಆಮೇಲೆ ಮಾಲೀಕ.

ಮಿನ್ನಾ ಕಾಂತ್ ಬರೆದ ನಾಟಕ ಇಟ್ಟುಕೊಂಡು 1935ರಲ್ಲಿ ಅವನು ಮಾಡಿದ 'ರೊಯ್ನಿಲನ್ ತಾಲೊಸ್ಸ' ಇನ್ನೂ ನೋಡಿಲ್ಲ. ಅದೇ ಮುಂದಿನದು.