ತೈಲದ ಬ್ಲಾಕ್ ಮತ್ತು ವಾರಾನಿಗಳ ನಕ್ಷೆ

ಈಕ್ವೆಡಾರ್‌ನ ಅಮೆಜಾನ್ ಮಳೆಕಾಡಿನ ವಾರಾನಿ ಸಮುದಾಯದ ನಾಯಕಿ ನೆಮೊಂಟೆ ನೆಂಕಿಮೊ ಅವರ ಹೋರಾಟದಲ್ಲಿ ನನ್ನನ್ನು ಹೆಚ್ಚು ಸೆಳೆದದ್ದು ನ್ಯಾಯಾಲಯದ ಗೆಲುವಿಗಿಂತಲೂ ಅದಕ್ಕೆ ಮೊದಲು ನಡೆದ ನಕ್ಷೆ ತಯಾರಿಸುವ ಕೆಲಸ. ಪಸ್ತಾಸಾ ಪ್ರಾಂತ್ಯದಲ್ಲಿರುವ ಅವರ ನೆಲವು ಸರ್ಕಾರದ ಕಾಗದಗಳಲ್ಲಿ ತೈಲ ಕಂಪನಿಗಳಿಗೆ ಹರಾಜು ಹಾಕಬಹುದಾದ ‘22ನೆಯ ಬ್ಲಾಕ್’, ಅಂದರೆ ತೈಲ ತೆಗೆಯಲು ಗುರುತಿಸಿದ ಒಂದು ತುಂಡು ನೆಲ, ಆಗಿತ್ತು. ವಾರಾನಿಗಳಾದರೋ ಹಿರಿಯರ ನೆನಪನ್ನೂ ಜಿಪಿಎಸ್ ಉಪಕರಣವನ್ನೂ ಜೊತೆಗಿಟ್ಟುಕೊಂಡು ಬೇಟೆಯ ಹಾದಿ, ಔಷಧಿ ಗಿಡಗಳ ತಾಣ, ತೊರೆ ಮತ್ತು ಹಳೆಯ ನೆಲೆಗಳನ್ನು ಗುರುತಿಸಿದರು. ಅಳಿಯುತ್ತಿದ್ದ ತಿಳಿವಳಿಕೆಯೇ ಹೀಗೆ ಕಾನೂನಿನ ಸಾಕ್ಷ್ಯವಾಯಿತು.

2012ರಲ್ಲಿ ಸಮುದಾಯದೊಡನೆ ಸಮಾಲೋಚನೆ ನಡೆಸಿದ್ದೇವೆಂಬುದು ಸರ್ಕಾರದ ವಾದ. ಅದು ಸಂವಿಧಾನ ಬಯಸುವ ಮುಕ್ತ, ಪೂರ್ವಭಾವಿ ಸಮಾಲೋಚನೆಯಾಗಿರಲಿಲ್ಲವೆಂದು 2019ರ ಏಪ್ರಿಲ್‌ನಲ್ಲಿ ಪುಯೊ ನಗರದ ನ್ಯಾಯಾಲಯವು ತೀರ್ಪಿತ್ತು, ಸುಮಾರು 5 ಲಕ್ಷ ಎಕರೆ ಕಾಡಿನ ಹರಾಜನ್ನು ತಡೆಯಿತು. ಜುಲೈನಲ್ಲಿ ಮೇಲ್ಮನವಿಯಲ್ಲೂ ಆ ತೀರ್ಪು ಉಳಿಯಿತು. ಮರುವರ್ಷ ನೆಂಕಿಮೊ ಅವರಿಗೆ ಗೋಲ್ಡ್‌ಮನ್ ಪರಿಸರ ಪ್ರಶಸ್ತಿ ಸಂದಿತು.

ಆದರೆ ಈ ತೀರ್ಪು ‘ಬೇಡ’ ಎನ್ನುವ ಅಂತಿಮ ಅಧಿಕಾರವನ್ನು ಸಮುದಾಯಕ್ಕೆ ಕೊಡಲಿಲ್ಲ ಎಂಬುದನ್ನು ಸಂಭ್ರಮದ ವರದಿಗಳು ಹೆಚ್ಚಾಗಿ ಬದಿಗಿಡುತ್ತವೆ. ಮೇಲಿನ ನೆಲ ಸಮುದಾಯದ್ದಾದರೂ ಅದರಡಿಯ ತೈಲ ಆ ದೇಶದಲ್ಲಿ ಪ್ರಭುತ್ವದ ಸೊತ್ತು. 2023ರ ಜನಮತಗಣನೆಯಲ್ಲಿ ಸುಮಾರು ಶೇ. 59ರಷ್ಟು ಮತದಾರರು ಅದೇ ದೇಶದ ಅಮೆಜಾನ್ ಭಾಗದಲ್ಲಿರುವ ಯಸುನಿ ಅರಣ್ಯದ ಒಂದು ತೈಲಕ್ಷೇತ್ರವನ್ನು ಮುಚ್ಚಬೇಕೆಂದರೂ, ನಿಗದಿಪಡಿಸಿದ ಒಂದು ವರ್ಷದ ಗಡುವು ಮುಗಿದ ಮೇಲೆಯೂ ಅಲ್ಲಿ ತೈಲ ತೆಗೆಯುವ ಕೆಲಸ ಮುಂದುವರಿದಿತ್ತು.